ಹೊಸ್ತಿಲಲ್ಲಿ ಹೇಳದ ಮಾತು

ನನ್ನ ಗಂಡ ಜಿತೇಂದ್ರರಿಗೆ ಬೆಟ್ಟದ ಹುಚ್ಚು. ಬೀಜಾಡಿಯ ಕಡಲ ದಂಡೆಯಲ್ಲಿ ಹುಟ್ಟಿದವರಿಗೆ ಇದು ಎಲ್ಲಿಂದ ಹಿಡಿಯಿತೋ ದೇವರೇ ಬಲ್ಲ. ಮುಂಬಯಿಯಲ್ಲಿ ಕ್ಯಾಮರಾ ಕೆಲಸಕ್ಕಿದ್ದಾಗ ಯಾರೋ ಹಿಮಾಲಯಕ್ಕೆ ಕರೆದೊಯ್ದರಂತೆ. ಆಮೇಲೆ ಹತ್ತುವುದನ್ನೂ ಕಲಿತು, ಹಿಮದ ಬೆಟ್ಟಗಳ ಸಾಕ್ಷ್ಯಚಿತ್ರ ಮಾಡುವುದೇ ಕಸುಬಾಯಿತು. ಒಮ್ಮೆ ಎಡಗಾಲಿನ ಎರಡು ಬೆರಳನ್ನು ಅಲ್ಲೇ ಬಿಟ್ಟು ಬಂದರು.

2009ರಲ್ಲಿ ಮತ್ತೆ ಹೊರಟಾಗ ನಾನು ಜಗಳ ತೆಗೆದೆ.

"ಇದೇ ಕಡೇ ಸಲ, ದಿವ್ಯಾ. ಇನ್ ಹೋತಿಲ್ಲೆ" ಎಂದು ದೇವರ ದೀಪದ ಎದುರು ಮಾತು ಕೊಟ್ಟರು. ಆದರೂ ನಾನು ಮುಖ ಊದಿಸಿಕೊಂಡು ಒಲೆಯ ಮುಂದೆಯೇ ಕೂತೆ. ಇವರಿಗೂ ಸಿಟ್ಟು ಬಂದು ಚೀಲ ಎತ್ತಿಕೊಂಡು ನಡೆದೇಬಿಟ್ಟರು. ಹೊಸ್ತಿಲು ದಾಟುವಾಗ "ಬತ್ತೆ", ಅಂದರೆ ಬರುತ್ತೇನೆ, ಅನ್ನಲಿಲ್ಲ.

ನಮ್ಮದು ಮೀನುಗಾರರ ಮನೆ. ಕಡಲಿಗೆ ಇಳಿಯುವವರು "ಬತ್ತೆ" ಎನ್ನಬೇಕು, ಮನೆಯವರು "ಹೋಯಿ ಬನಿ" ಎನ್ನಬೇಕು. ಹಾಗೆ ಹೇಳಿ ಹೋದವರು ಬಂದೇ ಬರುತ್ತಾರೆ ಎಂಬ ನಂಬಿಕೆ. ಆ ಮಾತಿಲ್ಲದೆ ಹೋದವರ ದಾರಿ ಕಾಯುತ್ತ ನನಗೆ ಅನ್ನ ಇಳಿಯಲಿಲ್ಲ.

"ಇಬ್ರಿಗೂ ಬುದ್ಧಿ ಇಲ್ಲ" ಎಂದು ಅತ್ತೆ ಸೀತು ಗೊಣಗಿದರು.

ಇವರು ಸುಖವಾಗಿ ಮರಳಿದರು. ಚಿತ್ರ ಸಿದ್ಧವಾದ ಮೇಲೆ ಊರಿನ ಯುವಕರು ಸಭಾಂಗಣದಲ್ಲಿ ಪರದೆ ಕಟ್ಟಿದರು. ಬೀಜಾಡಿಗೆ ಬೀಜಾಡಿಯೇ ಬಂದು ಕೂತಿತ್ತು. ಪರದೆಯ ತುಂಬ ಬಿಳುಪು ಕಂಡದ್ದೇ, ದಿನಾ ದುಡ್ಡು ಕೊಟ್ಟು ಐಸ್ ತಂದು, ಮೀನು ಮಾರಿ ಸಂಸಾರ ಸಾಕಿದ ಅತ್ತೆ ಎದ್ದು ನಿಂತರು.

"ಅಯ್ಯೋ, ಇಷ್ಟ್ ಐಸ್ ಅಲ್ ಸುಮ್ನೆ ಬಿದ್ಕಂಡಿತ್ತಾ!"

ಸಭೆಯೆಲ್ಲ ನಕ್ಕಿತು. ಆಮೇಲೆ ಕೊನೆಯ ದೃಶ್ಯ ಬಂತು. ಸಂಜೆಬಿಸಿಲಿಗೆ ಶಿಖರ ಕೆಂಪಾಗಿತ್ತು. ಗಾಳಿಯ ಸದ್ದಿನ ನಡುವೆ, ಕ್ಯಾಮರಾದ ಹಿಂದಿನಿಂದ ಇವರ ದನಿ ಮೆತ್ತಗೆ ಬಂತು: "ಬತ್ತೆ ಹಾಂ."

ಮುಂಬಯಿಯಲ್ಲಿ ಚಿತ್ರ ಜೋಡಿಸಿದವರಿಗೆ ಅದು ಅರ್ಥವಾಗಿರಲಿಕ್ಕಿಲ್ಲ. ಬೀಜಾಡಿಗೆ ಅರ್ಥವಾಯಿತು.

"ಹ್ವಾಯ್, ಬೆಟ್ಟಕ್ಕೂ ಮಾತ್ ಕೊಟ್ಟ್ ಬಂದಿದ್ದ! ಇವ ಮತ್ತ್ ಹೋಪವ್ನೇ!" ಎಂದು ಹಿಂದಿನಿಂದ ನೆರೆಮನೆಯ ಸೂರ ಕೂಗಿದ. ಎಲ್ಲರೂ ನನ್ನ ಕಡೆ ತಿರುಗಿದರು. ಇವರ ಮುಖ ಹೆಗಲು ಮುಟ್ಟಿ ನೋಡಿಕೊಂಡ ಕುಂಬಳಕಾಯಿ ಕಳ್ಳನ ಹಾಗಿತ್ತು.

ಮನೆಗೆ ಬಂದವಳೇ ಸಿಡಿದೆ. "ನಂಗ್ ಹೇಳ್ದೆ ಹ್ವಾದ್ರಿ. ಆ ಕಲ್ಲಿಗ್ ಹೇಳ್ದ್ರಿ!"

ಒಂದು ಬೆಟ್ಟದ ಮೇಲೆ ಅಷ್ಟು ಹೊಟ್ಟೆಕಿಚ್ಚು ಪಟ್ಟವಳು ನಾನೊಬ್ಬಳೇ ಇರಬೇಕು.

ಇವರು ತಲೆ ತಗ್ಗಿಸಿದರು. "ಕೆಳ್ಗ್ ಇಳುಕೆ ಹೆದ್ರಿಕಿ ಆಯ್ತ್. ನಿಂಗ್ ಹೇಳ್ದೆ ಬಂದಿದ್ದೆ ಅಲ್ದಾ? ಯಾರಿಗಾರೂ ಬತ್ತೆ ಅಂತ ಹೇಳ್ಬೇಕಿತ್."

ನನ್ನ ಸಿಟ್ಟು ಅಲ್ಲೇ ಇಳಿಯಿತು. ಅಳು ಬಂತು.

ಕೊಟ್ಟ ಮಾತನ್ನು ಇವರು ಉಳಿಸಿಕೊಂಡರು. ಕುಂದಾಪುರ, ಸಾಲಿಗ್ರಾಮದ ಕಡೆ ಮದುವೆಗಳ ವಿಡಿಯೋ ಮಾಡಿಕೊಂಡು ಮನೆಯಲ್ಲೇ ಉಳಿದರು. ಒಂದು ಮದುವೆಯವರು ಸಿ.ಡಿ. ಹಿಡಿದುಕೊಂಡು ಜಗಳಕ್ಕೇ ಬಂದರು. ಊಟದ ಹೊತ್ತಿನಲ್ಲಿ ಮದುಮಗಳನ್ನು ಬಿಟ್ಟು, ಹಬೆಯಾಡುವ ಅನ್ನದ ರಾಶಿಯನ್ನು ಶಿಖರದ ಹಾಗೆ ಬುಡದಿಂದ ತುದಿಯವರೆಗೆ ತೆಗೆದಿದ್ದರಂತೆ. ನಾನೂ ಹಾಕಿ ನೋಡಿದೆ. ಎಷ್ಟು ಚೆಂದ ತೆಗೆದಿದ್ದರು! ನನಗೆ ನಗುವೂ ಬಂತು, ಇವರ ಮೇಲೆ ಕನಿಕರವೂ ಬಂತು.

ಮರುವರ್ಷ ಅಟ್ಟದಿಂದ ಬೆಟ್ಟದ ಚೀಲ ಇಳಿಸಿ ಧೂಳು ಕೊಡವಿದವಳು ನಾನೇ.

ಹೊರಡುವ ದಿನ ಹೊಸ್ತಿಲಿಗೆ ಅಡ್ಡ ನಿಂತೆ.

"ಬತ್ತೆ" ಎಂದರು.

"ಕೇಂತಿಲ್ಲ."

"ಬತ್ತೆ!"

"ಇನ್ನೂ ಕೇಂತಿಲ್ಲ."

ನೆರೆಮನೆಯ ಸೂರ ಅಂಗಳಕ್ಕೆ ಓಡಿ ಬರುವಷ್ಟು ಗಟ್ಟಿಯಾಗಿ ಇವರು ಕೂಗಿದ ಮೇಲೆಯೇ ನಾನು ದಾರಿ ಬಿಟ್ಟು, "ಹೋಯಿ ಬನಿ" ಎಂದೆ.