ಪಾರ್ಜಿಟರನ ಆರು ಎಣಿಕೆ

ನಟರು ಮರೆತ ಮಾತನ್ನು ಹೇಳಿಕೊಡುವುದು ನನ್ನ ಕೆಲಸ. ಮೊದಲು ರಂಗಮಂದಿರದಲ್ಲಿ, ಆಮೇಲೆ ಲಂಡನ್ನಿನ ಟೆಲಿವಿಷನ್ ಸ್ಟುಡಿಯೋದಲ್ಲಿ. ಸ್ಟುಡಿಯೋದಲ್ಲಿ ನನ್ನ ಕೈಗೊಂದು ಗುಂಡಿ ಕೊಟ್ಟಿದ್ದರು. ಅದನ್ನು ಒತ್ತಿ ಹಿಡಿದರೆ ಮನೆಗಳಲ್ಲೂ ಮಹಡಿಯ ಮೇಲೆ ನಿರ್ದೇಶಕನ ಕೋಣೆಯಲ್ಲೂ ಧ್ವನಿ ನಿಂತುಹೋಗುತ್ತಿತ್ತು, ನಾನು ಹೇಳಿಕೊಟ್ಟದ್ದು ಯಾರಿಗೂ ಕೇಳಿಸುತ್ತಿರಲಿಲ್ಲ. ನೋಡುವವರು ಪೆಟ್ಟಿಗೆ ಕೆಟ್ಟಿತೆಂದು ಅದರ ತಲೆಗೆ ತಟ್ಟುತ್ತಿದ್ದರು, ಅಷ್ಟೆ.

ಲಯನೆಲ್ ಪಾರ್ಜಿಟರ್ ಒಂದೇ ನ್ಯಾಯಾಧೀಶನ ಪಾತ್ರವನ್ನು ನಾನೂರು ಸಲ ಆಡಿದ್ದ ಮುದುಕ. ನಾಟಕದಲ್ಲಿ ಸ್ವಂತ ಮಗಳಿಗೆ ಶಿಕ್ಷೆ ಹೇಳುವ ಮೊದಲು, ಮನಸ್ಸಿನಲ್ಲೇ ಆರರವರೆಗೆ ಎಣಿಸುತ್ತ ಸುಮ್ಮನೆ ನಿಲ್ಲುತ್ತಿದ್ದ. ಆ ಮೌನ ನೋಡಲೆಂದೇ ಜನ ಬರುತ್ತಿದ್ದರು. ರಂಗಮಂದಿರಕ್ಕೆ ನಾನು ಹೊಸಬಳು, ಮರೆತನೆಂದುಕೊಂಡು ನಡುವೆ ಮಾತು ಹೇಳಿಕೊಟ್ಟೆ. ಪರದೆ ಬಿದ್ದಮೇಲೆ ಇಡೀ ತಂಡದ ಮುಂದೆ ನನ್ನನ್ನು ನಿಲ್ಲಿಸಿದ.

“ಏನಮ್ಮ ಈನಿಡ್, ನಿಂಗೆ ಎಣಿಸೋಕೆ ಬರುತ್ತಾ? ಎಣಿಸು ನೋಡೋಣ, ಎಲ್ಲಾರೂ ಕೇಳ್ಲಿ.”

ಎಣಿಸಿದೆ. ಎಲ್ಲರೂ ನಕ್ಕರು. ಆ ಅವಮಾನದ ಉರಿ ಹನ್ನೊಂದು ವರ್ಷವಾದರೂ ಆರಲಿಲ್ಲ.

ಟೆಲಿವಿಷನ್ನಿಗೂ ಅದೇ ನಾಟಕ, ಅದೇ ಮುದುಕ. ಭಾನುವಾರ ನೇರ ಪ್ರಸಾರ. ಆಗ ಚಿತ್ರೀಕರಿಸಿಡುವ ಪದ್ಧತಿ ಇರಲಿಲ್ಲ, ಮರುಪ್ರಸಾರಕ್ಕೆ ಗುರುವಾರ ಎಲ್ಲರೂ ಬಂದು ಮತ್ತೆ ಮೊದಲಿಂದ ನೇರವಾಗಿ ಆಡಬೇಕು. ಎರಡೂ ಚೆನ್ನಾದರೆ ಅವನಿಗೆ ವರ್ಷವಿಡೀ ಪಾತ್ರಗಳು. ಕೆಟ್ಟರೆ ಆ ವಯಸ್ಸಿನಲ್ಲಿ ಇನ್ನು ಯಾರೂ ಕರೆಯುವುದಿಲ್ಲ.

ಭಾನುವಾರ ಕ್ಯಾಮೆರಾದ ಮುಂದೆ ಅವನೊಬ್ಬನೇ ಇದ್ದ. ಮಗಳ ಪಾತ್ರದವಳು ಉಡುಪು ಬದಲಿಸಲು ಓಡಿದ್ದಳು. ಕ್ಯಾಮೆರಾದವರ ಕಿವಿಗೆ ಕಟ್ಟಿದ ಹೆಡ್‌ಫೋನಿನಲ್ಲಿ ನಿರ್ದೇಶಕನ ಗದ್ದಲ, ಅವರಿಗೆ ಬೇರೇನೂ ಕೇಳಿಸದು. ಪಾರ್ಜಿಟರ್ ಎಂದಿನಂತೆ ಸುಮ್ಮನೆ ನಿಂತ. ಮೂರು ಎಣಿಸಿ ಗುಂಡಿ ಒತ್ತಿದೆ. ಒಂದಕ್ಷರ ತಪ್ಪದೆ ಅವನು ಶಿಕ್ಷೆ ಹೇಳಿ ಮುಗಿಸುವವರೆಗೂ ಬೆರಳೆತ್ತಲಿಲ್ಲ.

ನಾಟಕ ಮುಗಿದದ್ದೇ ನಿರ್ದೇಶಕ ಇಳಿದು ಬಂದ. “ಅಷ್ಟೊತ್ತು ಒತ್ತಿದ್ಯಲ್ಲ, ಏನಾಯ್ತು?”

“ಪೂರ್ತಿ ಮರೆತುಬಿಟ್ರು ಸಾರ್. ಒಂದೊಂದು ಸಾಲೂ ಹೇಳ್ಕೊಡಬೇಕಾಯ್ತು.”

ಪಾರ್ಜಿಟರ್ ಮುಖದ ಬಣ್ಣವನ್ನೂ ಒರೆಸದೆ ನನ್ನ ಹತ್ತಿರ ಬಂದ. “ನಾನು ಹೇಳ್ದೆ ಅಂತಲೇ ನೆನಪು ಕಣಮ್ಮ. ನೀನು ಹೇಳ್ಕೊಟ್ಟಿದ್ದು ನೆನಪೇ ಇಲ್ಲ. ನಿಜ ಹೇಳು, ಮರೆತೆನಾ?”

“ಮರೆತಿದ್ದೂ ಮರೆತುಹೋಯ್ತಾ ಸಾರ್?”

ಅವನು ಕುರ್ಚಿ ಹಿಡಿದುಕೊಂಡು ಕೂತ. ನನಗೆ ಖುಷಿಯಾಯಿತು, ಸುಳ್ಳೇಕೆ ಹೇಳಲಿ.

ನಾಲ್ಕು ದಿನ ಮಾತಿನ ಹಾಳೆಗಳನ್ನು ಕೈಯಿಂದ ಬಿಡದೆ ಗೊಣಗುತ್ತ ತಿರುಗಿದ. ಗುರುವಾರ ಅದೇ ಜಾಗದಲ್ಲಿ ನಿಂತ. ಎಣಿಕೆ ಆರಾಯಿತು. ಹತ್ತಾಯಿತು. ಹಣೆಯಲ್ಲಿ ಬೆವರೊಡೆಯಿತು, ಕಣ್ಣು ಕ್ಯಾಮೆರಾ ಬಿಟ್ಟು ನನ್ನನ್ನು ಹುಡುಕಿತು. ನಾನು ಗುಂಡಿಯಿಂದ ಕೈ ತೆಗೆದು ಮಡಿಲಲ್ಲಿಟ್ಟುಕೊಂಡೆ.

“ಈನಿಡ್,” ಎಂದ, ದೇಶಕ್ಕೆಲ್ಲ ಕೇಳಿಸುವಂತೆ. “ಹೇಳ್ಕೊಡಮ್ಮ.”

ನಾನು ಎಣಿಸುತ್ತಲೇ ಇದ್ದೆ.