ಕಾಣಿಸಲಿಲ್ಲ ಅಂದ ಅಕ್ಷರ

ಗುಮಾಸ್ತನ ಕನ್ನಡಕದ ಎಡಗಡೆಯ ಕಡ್ಡಿ ಸಡಿಲ, ಬಗ್ಗಿದಾಗೆಲ್ಲ ಮೂಗಿನ ತುದಿಗೆ ಜಾರುತ್ತದೆ, ಅರ್ಧ ಸುತ್ತು ತಿರುಗಿಸಿದರೆ ಸಾಕು, ಬ್ಯಾಗಿನಲ್ಲಿ ಸ್ಕ್ರೂಡ್ರೈವರ್ ಇದ್ದೇ ಇದೆ, ಆದರೆ ನೋಂದಣಿ ಕಚೇರಿಯಲ್ಲಿ ಕೂತು ಕೋರ್ಟಿನ ಗುಮಾಸ್ತನ ಮೂಗಿಗೆ ಕೈ ಹಾಕುವುದುಂಟೇ, ಅದೂ ಅವನು ಅಕ್ಕನ ಬದಲಿಗೆ ಬಂದವನು — ಮಾರುವವರು ಬರದಿದ್ದರೆ ಅವರ ಪರವಾಗಿ ಕೋರ್ಟೇ ಸಹಿ ಹಾಕುತ್ತಮ್ಮಾ, ಇನ್ನು ಸ್ವಲ್ಪ ಹೊತ್ತು, ಮನೆ ನಿಮ್ಮದು, ಗೆದ್ದೋರು ನೀವು, ಸೋತ ಮುಖ ಯಾಕೆ, ವಕೀಲರಿಗೆ ಎಲ್ಲದಕ್ಕೂ ನಗು, ಇವಳು ಬಾಗಿಲ ಕಡೆಗೇ ನೋಡುತ್ತಾಳೆ, ಬರಲಿ, ಬೈದುಕೊಂಡೇ ಬರಲಿ, ಅಕ್ಕನೇ ಬಂದು ಒಂದು ಸಹಿ ಗೀಚಿ ಹೋದರೆ ಇಷ್ಟೂ ದಿನದ ಕೋರ್ಟನ್ನು ಒಂದು ಜ್ವರ ಅಂದುಕೊಂಡು ಮರೆತುಬಿಡಬಹುದು, ಅಕ್ಕ ಅಂದರೆ ಒಡಹುಟ್ಟಿದವಳಲ್ಲ, ಕನ್ನಡಕದಂಗಡಿಯಲ್ಲಿ ಬಿಲ್ಲಿಗೆ ಕೂರುವವಳು, ಒಳಗೆ ಗಾಜು ಉಜ್ಜುವ ಇವಳಿಗೆ ಗಾಜಮ್ಮ ಅಂತ ಹೆಸರಿಟ್ಟವಳು, ಏ ಗಾಜಮ್ಮ, ಉಣ್ಣೇ ಮೊದಲು, ನಿನ್ನ ಮೆಷಿನ್ನು ಎಲ್ಲಿಗೂ ಓಡಿಹೋಗಲ್ಲ, ಮನೆ ಮಾರ್ತೀನಿ ಕಣೇ, ನಿನಗಲ್ಲದೆ ಇನ್ಯಾರಿಗೆ ಕೊಡಲಿ, ಆ ಹಿಂದಿನ ಕೋಣೆ ಅಂದ್ರೆ ನಿನಗೆ ಪ್ರಾಣ ತಾನೇ — ಪ್ರಾಣ, ಈಗಲೂ, ಹಾಳಾದ್ದು — ಕರಾರು ಪತ್ರವನ್ನು ಅಕ್ಕ ಕೌಂಟರಿನ ಮೇಲೆ ಹರಡಿಕೊಂಡು ಗಟ್ಟಿಯಾಗಿ ಓದಿದಳು, ಮಾರುವವರು ಅಂದ್ರೆ ನಾನಾ, ಅಬ್ಬಾ, ಎಷ್ಟು ಮರ್ಯಾದೆ, ನಗುತ್ತಲೇ ಸಹಿ ಹಾಕಿದಳು, ಇವಳು ಗಾಜು ಕೂರಿಸಿಕೊಟ್ಟ ಕನ್ನಡಕದಲ್ಲೇ, ಆಮೇಲೆ ಆ ಮನೆಯ ಬೀದಿ ಅಗಲವಾಯಿತು, ಬೆಲೆ ಏರಿತು, ಯಾರೋ ಹೆಚ್ಚಿಗೆ ಕೊಡುತ್ತೇನೆಂದರು, ಅಕ್ಕ ಫೋನೆತ್ತುವುದು ಬಿಟ್ಟಳು, ಎದುರಿಗೆ ಬಂದರೆ ರಸ್ತೆ ದಾಟಿದಳು, ದಾವೆ ಹೂಡದೆ ಇನ್ನೇನು ಮಾಡಬೇಕಿತ್ತು, ಸಾಕ್ಷಿಕಟ್ಟೆ ಹತ್ತಿದ ಅಕ್ಕ ಇವಳ ಕಡೆ ಬೆರಳು ತೋರಿಸಿ, ಅದೇನು ಕಾಗದ ಅಂತಲೇ ನನಗೆ ಗೊತ್ತಿರಲಿಲ್ಲ ಸ್ವಾಮೀ, ಕನ್ನಡಕದ ನಂಬರೇ ತಪ್ಪು, ಇವಳೇ ಮಾಡಿದ್ದು, ಬೇಕೂಂತಲೇ ಮಾಡಿರ್ತಾಳೆ, ಒಂದಕ್ಷರ ಕಾಣಿಸಲಿಲ್ಲ.

ಬೇಕೂಂತಲೇ — ಮನೆ ಕೊಡಲ್ಲ ಹೋಗೇ ಅನ್ನಬಹುದಿತ್ತು, ಇನ್ನೂ ಕೊಡು ಅಂತ ಬಾಯಿಬಿಟ್ಟು ಕೇಳಬಹುದಿತ್ತು, ಇವಳ ಕೈಕೆಲಸಕ್ಕೇ ಕಲ್ಲು ಹಾಕಿದಳು, ಒಂದು ಕ್ಷಣ ಇವಳಿಗೇ ಅನುಮಾನ, ತಪ್ಪಿದೆನೇ, ಆ ದಿನ ಮನಸ್ಸು ಎಲ್ಲಿತ್ತು, ನ್ಯಾಯಾಧೀಶರು ಅದೇ ಕನ್ನಡಕ ಹಾಕಿಸಿ ಒಂದು ಹಾಳೆ ಕೊಟ್ಟರು, ಓದಿ, ಅಕ್ಕ ಒಂದೊಂದೇ ಅಕ್ಷರ ತಡಕಾಡಿದಳು, ಮ, ನೆ, ಆಮೇಲೆ ಮಬ್ಬು ಸ್ವಾಮೀ, ಆದರೆ ಗಿರಾಕಿಗಳ ಕಣ್ಣು ನೋಡಿಯೇ ಬದುಕಿದವಳು ಇವಳು, ಗಾಜಿನ ಹಿಂದಿನ ಆ ಕಣ್ಣು ಎಲ್ಲೂ ತಡವರಿಸದೆ ಸಾಲಿನ ಕೊನೆಯವರೆಗೆ ಓಡಿ, ಅಲ್ಲಿ ನಿಂತು, ಬಾಯಿ ಬಂದು ಸೇರಲಿ ಅಂತ ಕಾಯುತ್ತಿತ್ತು, ನಂಬರು ಸರಿ ಇತ್ತು, ಎಲ್ಲ ಕಾಣಿಸುತ್ತಿತ್ತು, ಇವಳು ಎದುರಿಗೆ ಕೂತಿದ್ದೂ ಕಾಣಿಸುತ್ತಿತ್ತು, ಸುಳ್ಳೆಂದು ನ್ಯಾಯಾಧೀಶರೂ ಬರೆದರು, ತೀರ್ಪು ಬಂತು — ಅಮ್ಮಾ, ಗುಮಾಸ್ತರ ಸಹಿ ಆಯ್ತು, ನೀವೂ ಒಂದ್ಸಲ ನೋಡಿಕೊಂಡು ಹಾಕಿಬಿಡಿ, ಬಾಗಿಲಲ್ಲಿ ಯಾರೂ ಇಲ್ಲ, ಬರುವುದೂ ಇಲ್ಲ, ಮಾರುವವರ ಜಾಗದಲ್ಲಿ ಮುಖಪರಿಚಯವಿಲ್ಲದವನ ಸೊಟ್ಟ ಬರಹ, ಪೆನ್ನು ಹಿಡಿದು ಓದುತ್ತಾಳೆ, ಈ ಪತ್ರವನ್ನು ಓದಿ, ತಿಳಿದು, ಎಷ್ಟು ನಿಚ್ಚಳ ಅಕ್ಷರ, ಈ ಪತ್ರವನ್ನು ಓದಿ — ಮುಂದೆ ಹೋಗಲಾಗುವುದಿಲ್ಲ, ಈ ಪತ್ರವನ್ನು — ಸಾಲಿನ ಕೊನೆಯಲ್ಲಿ ಅಕ್ಕನ ಕಣ್ಣು, ಆಗಲೇ ಬಂದು ನಿಂತಿದೆ, ಕಾಯುತ್ತಿದೆ, ಆ ಕಣ್ಣು, ಸಾಲಿನ ಕೊನೆಯಲ್ಲಿ, ಆ ಕಣ್ಣು —