ಬೆಟ್ಟಕ್ಕೆ ನೀರು ಕುಡಿಸಿದವರು

ನಮ್ಮೂರ ಮೇಲುಗಾಲುವೆಯ ಬಿರುಕುಗಳನ್ನು ಸಿಮೆಂಟು ಮೆತ್ತಿ ಮುಚ್ಚಿದವನು ನಾನೇ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಬಯ್ಯುವವರಿಗೆ ಸುಲಭವಾಗಲಿ.

ಪೆರು ದೇಶದ ಒಂದು ಬೆಟ್ಟದೂರಿನ ಹುಡುಗ, ಏಳನೇ ಕ್ಲಾಸಿಗೇ ಶಾಲೆ ಬಿಟ್ಟವನು ನಾನು. ಚರಿತ್ರೆ ಪುಸ್ತಕದಲ್ಲಿ ಸ್ಪೇನಿನ ಹಡಗುಗಳಿಗೆ ಹನ್ನೆರಡು ಪುಟ, ಹಡಗು ಬರುವ ಮೊದಲೇ ಇಲ್ಲಿದ್ದವರಿಗೆ ಒಂದೂವರೆ ಪುಟ. ಆ ಒಂದೂವರೆಯಲ್ಲೂ ಬರೀ ಚಿನ್ನ. ನಮ್ಮ ಬೆಟ್ಟದಲ್ಲಿ ಚಿನ್ನ ಇರಲಿಲ್ಲ, ಹಾಗಾಗಿ ಪುಸ್ತಕದಲ್ಲಿ ನಾವೂ ಇರಲಿಲ್ಲ. "ಹಾಗಾದ್ರೆ ನಮ್ಮೋರು ಏನ್ ಮಾಡ್ತಿದ್ರು ಸಾರ್?" ಎಂದು ಕೇಳಿದೆ. "ಲಾಮಾ ಮೇಯಿಸ್ತಿದ್ರು, ಕೂತ್ಕೋ" ಎಂದರು ಮೇಷ್ಟ್ರು. ಇಡೀ ಕ್ಲಾಸು ನಕ್ಕಿತು. ಪುಸ್ತಕವನ್ನು ಬೆಂಚಿನ ಮೇಲೇ ಬಿಟ್ಟು ಎದ್ದುಬಂದೆ. ರಾಜಧಾನಿ ಲೀಮಾಕ್ಕೆ ಹೋಗಿ ಐದು ವರ್ಷ ಗಾರೆ ಕೆಲಸ ಮಾಡಿದೆ.

ಎರಡು ವರ್ಷದ ಕೆಳಗೆ ಅಕ್ಟೋಬರಿನಲ್ಲಿ ಊರಿಗೆ ವಾಪಸು ಬಂದಾಗ ಕಾಲುವೆ ಹೂಳೆತ್ತುವ ಕಾಲ. ನಮ್ಮಲ್ಲಿ ಮನೆಗೊಬ್ಬರು ಗುದ್ದಲಿ ಹಿಡಿದು ಹೋಗಲೇಬೇಕು, ಹೋಗದ ಮನೆಗೆ ನೀರಿನ ಸರದಿ ಇಲ್ಲ. ಹೋಗಿ ನೋಡುತ್ತೇನೆ, ಬಂಡೆ ಕಡಿದು ಮಾಡಿದ ಕಾಲುವೆಗೆ ನೂರಿನ್ನೂರು ಹೆಜ್ಜೆಗೊಂದು ಬಿರುಕು. ಹರಿಯುವ ನೀರೆಲ್ಲ ಬೆಟ್ಟದ ಹೊಟ್ಟೆಗೆ ಪೋಲು. ನನ್ನ ಪಿತ್ತ ನೆತ್ತಿಗೇರಿತು. ಇಷ್ಟು ಶತಮಾನ ಒಬ್ಬನಿಗೂ ಬುದ್ಧಿ ಬರಲಿಲ್ಲವೇ! ನೀರಿನ ಸಮಿತಿಯ ಅಧ್ಯಕ್ಷ ದೊನ್ ಹಿಲಾರಿಯೋ ಸರ್ಕಾರಿ ಕಾಗದಕ್ಕೆ ರುಜು ಹಾಕಿ ನಲವತ್ತು ಮೂಟೆ ಸಿಮೆಂಟು ತರಿಸಿಕೊಟ್ಟ. ಮುದುಕರು ಒಂದಿಬ್ಬರು "ಹಂಗೆಲ್ಲ ಮುಚ್ಚಬಾರ್ದಪ್ಪ" ಎಂದು ಗೊಣಗಿದರು. ಯಾಕೆ ಎಂದರೆ ಅವರಿಗೂ ಗೊತ್ತಿಲ್ಲ. ಹನ್ನೊಂದು ಬಿರುಕು ಮುಚ್ಚಿದೆ. ಹನ್ನೆರಡನೆಯದರ ಹೊತ್ತಿಗೆ ಸಿಮೆಂಟು ಮುಗಿಯಿತು.

ಜನವರಿ ನಮ್ಮಲ್ಲಿ ಮಳೆಗಾಲ; ಆ ಮಳೆಗೆ ಕಾಲುವೆ ತುಂಬಿ ಹರಿಯಿತು. ತುದಿಯ ಕೊಳ ಎರಡೇ ದಿನಕ್ಕೆ ತುಂಬಿ, ಮಿಕ್ಕದ್ದು ಕಮರಿಗೆ ಧುಮುಕಿತು. ಊರೆಲ್ಲ ನನ್ನ ಬೆನ್ನು ತಟ್ಟಿತು.

ಆಗಸ್ಟಿನಲ್ಲಿ ಹನಿ ಮಳೆ ಇಲ್ಲದ ಬಿಸಿಲು. ಊರ ಕೆಳಗಿನ ಸುಕ್ಯ ಬುಗ್ಗೆ, ಯಾವ ಬೇಸಿಗೆಗೂ ಜಗ್ಗದ ಬುಗ್ಗೆ, ಕಿರುಬೆರಳಿನಷ್ಟಾಯಿತು. ಅದರ ಕೆಳಗೇ ನನ್ನ ಅಜ್ಜಿ ಫೋರ್ತುನಾತಳ ಮೇವಿನ ಹೊಲ. ಮೇವಿದ್ದರೆ ಹಸು, ಹಸುವಿದ್ದರೆ ಚೀಸು, ಚೀಸಿದ್ದರೆ ಶುಕ್ರವಾರದ ಸಂತೆ. ಎರಡು ಹಸುಗಳಲ್ಲಿ ಒಂದನ್ನು ಆಗಲೇ ಮಾರಿದ್ದಳು. ನಾನು ಸಿಮೆಂಟು ಮೆತ್ತುವಾಗ ಅವಳು ಕಣ್ಣಿನ ಆಪರೇಷನ್ನಿಗೆಂದು ಲೀಮಾದಲ್ಲಿದ್ದಳು.

ಒಂದು ಬೆಳಿಗ್ಗೆ ಬಂದು ಕೋಲಿನಿಂದ ನನ್ನನ್ನು ತಿವಿದಳು. "ಏಳೋ ಎಲ್ಮೇರ್. ಬೆಟ್ಟಕ್ಕೆ ಹೋಗ್ಬೇಕು."

"ಈ ಬಿಸಿಲಲ್ಲಾ? ಕಣ್ಣೇ ಸರಿಯಾಗಿ ಕಾಣಲ್ಲ ನಿಂಗೆ."

"ನಿನಗಿಂತ ಚೆನ್ನಾಗಿ ಕಾಣುತ್ತೆ. ನಡಿ."

ದಣಿವು ತಿಳಿಯದಿರಲೆಂದು ಕೋಕಾ ಎಲೆ ಅಗಿಯುತ್ತ ಹತ್ತಿದೆವು. ಎಪ್ಪತ್ತೆಂಟರ ಮುದುಕಿ ಮುಂದೆ, ಏದುಸಿರು ಬಿಡುತ್ತ ನಾನು ಹಿಂದೆ. ಮೆಟ್ಟಿಲು ಹೊಲಗಳು ಮುಗಿದ ಮೇಲೆ ಛಾವಣಿ ಬಿದ್ದ ಕಲ್ಲುಮನೆಗಳ ಹಳೇ ಊರು. ಅಲ್ಲಿ ನಿಂತಳು.

"ಈ ಕಾಲುವೆ ಇಂಕಾ ರಾಜರು ಕಟ್ಸಿದ್ದಾ ಅಜ್ಜಿ?"

"ಇಂಕಾರು ನಿನ್ನೆ ಮೊನ್ನೆ ಬಂದೋರು ಕಣೋ. ಅವ್ರು ಬಂದಾಗ್ಲೇ ಇದು ಹಳೇದು. ಈ ಮನೆಗಳೋರು ಕಟ್ಟಿದ್ದು. ಕಬ್ಬಿಣ ಇಲ್ಲ, ಕುದುರೆ ಇಲ್ಲ. ಕಲ್ಲಿಂದ ಕಲ್ಲು ಕಡಿದ್ರು."

"ಮತ್ತೆ ಊರು ಯಾಕೆ ಬಿಟ್ರು?"

"ಬಿಡ್ಲಿಲ್ಲ, ಸ್ಪೇನಿನೋರು ಬಿಡಿಸಿದ್ರು. ಕೆಳಗೆ ಚೌಕ ಬೀದಿ ಮಾಡಿ, ಮಧ್ಯ ಒಂದು ಚರ್ಚಿಟ್ಟು, ಎಲ್ರನ್ನೂ ಅಲ್ಲಿಗೆ ತುಂಬಿದ್ರು. ಒಂದೇ ಕಡೆ ಇದ್ರೆ ತಲೆ ಎಣಿಸೋಕೆ ಸಲೀಸು ನೋಡು. ಕಪ್ಪ ಕೊಡಿ, ಗಣಿಗೆ ಗಂಡಸ್ರನ್ನ ಕಳ್ಸಿ ಅಂತಿದ್ರು. ಕಾಲುವೆಗೆ ಪೂಜೆ ಮಾಡಿದ್ರೆ ಪಾದ್ರಿ ಚಾಟಿ ತಗೋತಿದ್ದ."

"ಆಮೇಲೆ?"

ಅಜ್ಜಿ ಕಿಸಕ್ಕನೆ ನಕ್ಕಳು. "ಕಾಲುವೆ ತಲೆ ಮೇಲೆ ನಮ್ಮೋರೇ ಒಂದು ಶಿಲುಬೆ ನೆಟ್ರು. ಸ್ವಾಮಿ, ಶಿಲುಬೆಗೆ ಮೆರವಣಿಗೆ ಹೋಗ್ತೀವಿ ಅಂದ್ರು. ಪಾದ್ರಿ ಖುಷಿಯಾಗಿ ಮುಂದೆ ಹಾಡ್ಕೊಂಡು ಹೋದ. ಹಿಂದೆ ಇವ್ರು ಗುದ್ದಲಿ ಹಿಡ್ಕೊಂಡು ಹೋದ್ರು."

ಆ ಶಿಲುಬೆ ಈಗಲೂ ಇದೆ. ಚಿಕ್ಕಂದಿನಲ್ಲಿ ನಾನೇ ಅದಕ್ಕೆ ಹೂ ಕಟ್ಟಿದ್ದೇನೆ, ಯಾಕೆಂದು ಒಮ್ಮೆಯೂ ಕೇಳಿರಲಿಲ್ಲ.

"ಆಮೇಲೆ ದೇಶ ಸ್ವತಂತ್ರ ಆಯ್ತು ಅಂತ ಗಂಟೆ ಹೊಡೆದ್ರಂತೆ. ಇನ್ಮೇಲೆ ನೀವು ಪೆರು ದೇಶದ ಪ್ರಜೆಗಳು ಅಂದ್ರಂತೆ. ತಲೆಗಂದಾಯ ಹಂಗೇ ಇತ್ತು, ಹೆಸರು ಬದಲಾಯ್ತು ಅಷ್ಟೆ. ಆ ವರ್ಷನೂ ನಮ್ಮೋರು ಹೂಳೆತ್ತಿದ್ರು. ಎತ್ತದೇ ಇದ್ದ ವರ್ಷ ಒಂದೂ ಇಲ್ಲ. ಇದೆಲ್ಲ ನಮ್ಮಜ್ಜಿ ನನಗೆ ಇದೇ ಕಲ್ಲಿನ ಮೇಲೆ ಕೂತು ಹೇಳಿದ್ದು."

ಕಾಲುವೆಗೆ ಬಂದೆವು. ನನ್ನ ಸಿಮೆಂಟು ನುಣ್ಣಗೆ ಹೊಳೆಯುತ್ತಿತ್ತು. ಅಜ್ಜಿ ಅದರ ಕಡೆ ನೋಡಲೂ ಇಲ್ಲ. ಸೀದಾ ಹನ್ನೆರಡನೇ ಬಿರುಕಿನ ಹತ್ತಿರ ಹೋಗಿ, "ಒಳಗೆ ಕೈ ಹಾಕು" ಎಂದಳು.

ಹಾಕಿದೆ. ಬಿರುಕಲ್ಲ ಅದು. ಕಡಿದ ಬಾಯಿ. ಒಳಗೆ ಅಂಗೈಯಗಲದ ಚಪ್ಪಡಿಗಳನ್ನು ಇಳಿಜಾರಾಗಿ ಜೋಡಿಸಿದ್ದರು, ಉಗುರು ತೂರದ ಹಾಗೆ. ಐದು ವರ್ಷ ಗಾರೆ ಕೆಲಸ ಮಾಡಿದ ಕೈ ನನ್ನದು, ಇನ್ನೊಬ್ಬ ಕೆಲಸಗಾರನ ಕೈ ಗುರುತಾಗುತ್ತದೆ.

"ಈಗ ಕೆಳಗೆ ನೋಡು."

ನಮ್ಮ ಕಾಲಡಿಯ ನೇರಕ್ಕೆ, ಬೆಟ್ಟದ ಬುಡದಲ್ಲಿ, ಒಂದು ಹಸಿರು ತೇಪೆ. ಊರಿನ ಇನ್ನೊಂದು ಬುಗ್ಗೆ, ಕಾರ್ವಾ. ಅದು ತುಂಬಿ ಹರಿಯುತ್ತಿತ್ತು. ಸಿಮೆಂಟು ಮುಗಿದ ಕಡೆ ಹಸಿರು, ನಾನು ಮುಚ್ಚಿದ ಕಡೆಯೆಲ್ಲ ಬೂದು.

"ಜನವರೀಲಿ ಕುಡಿಸಿದ್ರೆ ಬೆಟ್ಟ ಆಗಸ್ಟಲ್ಲಿ ವಾಪಸ್ ಕೊಡುತ್ತೆ. ಒಳಗೇ ನಿಧಾನಕ್ಕೆ ಇಳೀತಾ ಬರುತ್ತೆ. ನಿಮ್ಮ ಕೊಳ ಬಿಸಿಲಿಗೆ ಆರುತ್ತೆ, ಬೆಟ್ಟ ಆರುತ್ತೇನೋ ಪೆದ್ದ?"

"ನೀನು ಲೀಮಾದಿಂದ ಮೇ ತಿಂಗಳಲ್ಲೇ ಬಂದೆಯಲ್ಲ, ಆಗ್ಲೇ ಯಾಕೆ ಹೇಳಲಿಲ್ಲ?"

"ಹೇಳಿದ್ರೆ ಕೇಳ್ತಿದ್ಯಾ?"

ಇಲ್ಲ. ಕೇಳುತ್ತಿರಲಿಲ್ಲ. ಲಾಮಾ ಮೇಯಿಸುತ್ತಿದ್ದರು ಎಂದ ಮೇಷ್ಟ್ರ ಮಾತಿಗೆ ಸಿಟ್ಟಾಗಿ ಎದ್ದುಬಂದವನು, ಒಳಗೊಳಗೇ ಆ ಮಾತನ್ನು ನಂಬಿದ್ದೆ. ಅದೇ ಹೆಚ್ಚು ಉರಿಯಿತು. ಬೆಟ್ಟದ ಒಳಗನ್ನು ಕಣ್ಣಲ್ಲಿ ನೋಡದೆ ಲೆಕ್ಕ ಹಾಕಿದವರು ಅವರು. ಏಳು ತಿಂಗಳಾಚೆಯ ಬಾಯಾರಿಕೆಗೆ ಮಳೆಗಾಲದಲ್ಲೇ ಕಲ್ಲು ಕಡಿದವರು. ಯಾವ ರಾಜನೂ ಅವರ ಹೆಸರು ಬರೆಸಲಿಲ್ಲ.

ಭಾನುವಾರ ಚೌಕದಲ್ಲಿ ಊರ ಸಭೆ. ನಾನು ಎದ್ದು ನಿಂತು, ಸಿಮೆಂಟು ಒಡೆಯಬೇಕು ಎಂದೆ.

ದೊನ್ ಹಿಲಾರಿಯೋ ಹ್ಯಾಟು ತೆಗೆದು ಮಂಡಿಗೆ ಬಡಿದ. "ನಲವತ್ತು ಮೂಟೆ ಕಣಯ್ಯಾ! ರುಜು ಹಾಕಿದೋನು ನಾನು. ಸರ್ಕಾರದ ಇಂಜಿನಿಯರ್ ಬಂದು ಫೋಟೋ ಹಿಡ್ಕೊಂಡು ಹೋಗಿದ್ದಾನೆ. ಏಳನೇ ಕ್ಲಾಸು ದಾಟದೋನು ಇಂಜಿನಿಯರ್‌ಗೆ ಪಾಠ ಹೇಳ್ತೀಯಾ?"

"ಕಾಲುವೆ ಕಟ್ಟಿದೋರು ಎಷ್ಟನೇ ಕ್ಲಾಸು, ದೊನ್ ಹಿಲಾರಿಯೋ?"

ಯಾರೋ ನಕ್ಕರು. ಅವನ ಮುಖ ಕೆಂಪಾಯಿತು. "ಆಯ್ತು, ಒಡಿ. ಬರೋ ಆಗಸ್ಟಿಗೆ ಸುಕ್ಯ ತುಂಬಲಿಲ್ಲ ಅಂದ್ರೆ ನಿಮ್ಮಜ್ಜಿ ಮನೆ ನೀರಿನ ಸರದಿ ಊರಿಗೆ ಬಿಡಬೇಕು. ಒಪ್ಪಿಗೇನಾ?"

ಸರದಿ ಹೋದರೆ ಹೊಲ ಹೋದಂತೆ, ಉಳಿದ ಹಸುವೂ ಹೋದಂತೆ. ನಾನು ಬಾಯಿ ತೆರೆಯುವ ಮೊದಲೇ ಹಿಂದಿನಿಂದ ಅಜ್ಜಿಯ ದನಿ ಬಂತು. "ಬರ್ಕೋಳಪ್ಪಾ. ದೊಡ್ಡ ಅಕ್ಷರದಲ್ಲಿ ಬರ್ಕೋ, ನನ್ ಕಣ್ಣು ಮಂಜು."

ಹನ್ನೊಂದು ಬಾಯಿ ಒಡೆಯಲು ಹದಿನಾರು ದಿನ ಹಿಡಿಯಿತು. ಹಳೇ ಚಪ್ಪಡಿಗೆ ಪೆಟ್ಟಾಗದ ಹಾಗೆ ಸುತ್ತಿಗೆಯ ಜೊತೆ ಚಿಕ್ಕ ಉಳಿ ಹಿಡಿದು ಕೂತೆ. ಅಂಗೈ ಬಿರಿಯಿತು. ಜನವರಿಯಲ್ಲಿ ನೀರು ಬಂತು. ಮೊದಲ ಬಾಯಿಗೆ ತಲುಪಿ, ಒಂದು ಸುತ್ತು ತಿರುಗಿ, ಗುಟುಕು ಗುಟುಕಾಗಿ ಒಳಗಿಳಿಯಿತು. ಬಂಡೆಗೆ ಕಿವಿಯಿಟ್ಟು ಕೇಳಿದೆ. ತುದಿಯ ಕೊಳ ಅರ್ಧವೂ ತುಂಬಲಿಲ್ಲ. ಊರಿನವರು ನನ್ನನ್ನು ಮಾತಾಡಿಸುವುದನ್ನೇ ಬಿಟ್ಟರು.

ಮೇ, ಜೂನ್. ಸುಕ್ಯ ಹಾಗೇ ಸಣ್ಣಗೆ. ದಿನಾ ಬೆಳಿಗ್ಗೆ ಹೋಗಿ ಬೆರಳಿಟ್ಟು ನೋಡುತ್ತಿದ್ದೆ. ಅಜ್ಜಿ ಮಾತ್ರ ಹೋಗಲಿಲ್ಲ. ಆಲೂಗಡ್ಡೆ ಸುಲಿಯುತ್ತ, "ಅದಕ್ಕೂ ನಡೆಯೋಕೆ ಹೊತ್ತು ಬೇಕಲ್ವೇನೋ" ಎನ್ನುತ್ತಿದ್ದಳು. ಜುಲೈ ಕಡೆಗೆ ಎರಡು ಬೆರಳಾಯಿತು. ಆಮೇಲೆ ಮುಂಗೈ ದಪ್ಪ.

ಆಗಸ್ಟ್ ಹದಿನಾಲ್ಕಕ್ಕೆ ನಾವು ಮೇವು ಕೊಯ್ಯುತ್ತಿದ್ದೆವು. ಮೊಣಕಾಲೆತ್ತರ ಬೆಳೆದಿತ್ತು. ಬುಗ್ಗೆಯ ಕಡೆ ಗೊರಸಿನ ಸದ್ದಾಯಿತು. ದೊನ್ ಹಿಲಾರಿಯೋ ತನ್ನ ಹೇಸರಗತ್ತೆಯನ್ನು ನೀರಿಗೆ ತಂದಿದ್ದ. ನಮ್ಮನ್ನು ನೋಡಿಯೂ ನೋಡದವನ ಹಾಗೆ ನಿಂತ.

ಅಜ್ಜಿ ಸೊಂಟಕ್ಕೆ ಕೈಯಿಟ್ಟು ನೆಟ್ಟಗಾದಳು. ನಮ್ಮ ಹಸು ಇನ್ನೂ ಕುಡಿಯುತ್ತಿತ್ತು.

"ಸ್ವಲ್ಪ ನಿಲ್ಲಪ್ಪಾ ಹಿಲಾರಿಯೋ," ಎಂದು ಕೂಗಿದಳು. "ಸರದಿ ಇನ್ನೂ ನಮ್ದೇ."